ಮನೆಗೆಲ್ಲ ಒಂದೇ ಊಟ: ನಿಂಬೆ, ಮೋಸಂಬಿಯ ಹಗುರ ಕೋಳಿ



ಭಾನುವಾರದ ಮಧ್ಯಾಹ್ನ. ಮಾನ್ವಿಯ ಒಂದು ಮನೆಯನ್ನು ಕಣ್ಣ ಮುಂದೆ ತಂದುಕೊಳ್ಳಿ. ಬಲಿಪೂಜೆ ಮುಗಿಸಿಕೊಂಡು ಎಲ್ಲರೂ ಮನೆಗೆ ಬಂದಿದ್ದಾರೆ. ಒಲೆಯ ಮೇಲೆ ಕೋಳಿ ಸಾರು ಕುದಿಯುತ್ತಿದೆ. ಮೇಲೆ ಕೆಂಪು ಎಣ್ಣೆ ತೇಲುತ್ತಿದೆ. ಪರಿಮಳ ಪಡಸಾಲೆಯವರೆಗೂ ಹರಡಿದೆ. ಆದರೆ ಪಕ್ಕದ ಒಲೆಯ ಮೇಲೆ ಇನ್ನೊಂದು ಸಣ್ಣ ಪಾತ್ರೆ ಇದೆ. ಅದರಲ್ಲಿರುವುದು ಉಪ್ಪು ಖಾರ ಕಡಿಮೆಯಾದ ಬೇಳೆ. ಅದು ಮನೆಯ ಯಜಮಾನರಿಗೆ. ಎರಡು ತಿಂಗಳ ಹಿಂದೆ ರಾಯಚೂರಿಗೆ ಹೋಗಿ ತೋರಿಸಿಕೊಂಡು ಬಂದಾಗ ಅವರಿಗೆ ಸಕ್ಕರೆ ಕಾಯಿಲೆ, ರಕ್ತದೊತ್ತಡ ಎರಡೂ ಇವೆಯೆಂದು ತಿಳಿಯಿತು. ಎಣ್ಣೆ, ಉಪ್ಪು ಕಡಿಮೆ ಮಾಡಬೇಕೆಂದು ವೈದ್ಯರು ಹೇಳಿದ್ದಾರೆ.

ಎಲ್ಲರ ತಟ್ಟೆಗೆ ಕೋಳಿ ಬೀಳುತ್ತದೆ. ಅವರ ತಟ್ಟೆಗೆ ಬೇಳೆ ಬೀಳುತ್ತದೆ. "ಅಪ್ಪಂದು ದವಾಖಾನಿ ಊಟ" ಎಂದು ಚಿಕ್ಕ ಮಗ ನಗುತ್ತಾನೆ. ಯಜಮಾನರು ಅರ್ಧ ರೊಟ್ಟಿ ತಿಂದು, "ನನಗ ಹಸಿವಿಲ್ಲ" ಎಂದು ಏಳುತ್ತಾರೆ. ರಾತ್ರಿ ಎಲ್ಲರೂ ಮಲಗಿದ ಮೇಲೆ ಅಡುಗೆಮನೆಯಲ್ಲಿ ಮುಚ್ಚಳದ ಸದ್ದು ಕೇಳಿಸುತ್ತದೆ. ಮುಂದಿನ ತಿಂಗಳು ರಕ್ತ ಪರೀಕ್ಷೆ ಮಾಡಿಸಿದರೆ ಸಕ್ಕರೆ ಇಳಿದಿಲ್ಲ. "ಗಂಡನ್ನ ಸರಿಯಾಗಿ ನೋಡ್ಕೊಂಡಿಲ್ಲ ನೀನು" ಎಂದು ನೆಂಟರು ಮನೆಯಾಕೆಯನ್ನೇ ದೂರುತ್ತಾರೆ.

ಇಲ್ಲಿ ತಪ್ಪು ಯಾರದು? ಬಾಯಿ ಕಟ್ಟದ ಗಂಡನದೇ? ಎರಡೆರಡು ಅಡುಗೆ ಮಾಡಿ ಸೋತ ಹೆಂಡತಿಯದೇ? ಸ್ವಲ್ಪ ಯೋಚಿಸಿ ನೋಡಿದರೆ ತಪ್ಪಿರುವುದು ಆ ಎರಡನೆಯ ಪಾತ್ರೆಯಲ್ಲಿ. ಒಂದೇ ಮನೆಯಲ್ಲಿ ಒಬ್ಬರಿಗೆ ರುಚಿಯ ಊಟ, ಒಬ್ಬರಿಗೆ ಶಿಕ್ಷೆಯ ಊಟ ಎಂದಾದರೆ ಪಥ್ಯ ಬಹಳ ದಿನ ನಡೆಯುವುದಿಲ್ಲ. ಪಥ್ಯದ ಊಟ ರುಚಿಯಾಗಿರಬೇಕು, ಅದನ್ನು ಮನೆಮಂದಿಯೆಲ್ಲ ಉಣ್ಣಬೇಕು. ಇಂದಿನ ಪಾಠ ಅದೇ. ಅದಕ್ಕಾಗಿ ಒಂದು ಅಡುಗೆಯನ್ನು ಕಲಿಯೋಣ. ಚರ್ಮ ತೆಗೆದ ಕೋಳಿಯನ್ನು ಮೋಸಂಬಿ, ಮೊಸರಿನಲ್ಲಿ ನೆನೆಸಿ, ಒಣ ಕಾವಿನಲ್ಲಿ ಬೇಯಿಸಿ, ಕೊನೆಗೆ ನಿಂಬೆ ಹಿಂಡಿ ಬಡಿಸುವ ಅಡುಗೆ ಇದು.

ಈ ಸಮಸ್ಯೆ ಒಂದಿಬ್ಬರದಲ್ಲ. ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ನೆರವಿನಿಂದ ನಡೆದು 2023ರಲ್ಲಿ ಪ್ರಕಟವಾದ ದೇಶವ್ಯಾಪಿ ಅಧ್ಯಯನದ ಅಂದಾಜಿನಂತೆ ನಮ್ಮ ದೇಶದಲ್ಲಿ ಸಕ್ಕರೆ ಕಾಯಿಲೆ ಇರುವವರು 10 ಕೋಟಿಗೂ ಹೆಚ್ಚು. ನಿಮ್ಮ ಓಣಿಯಲ್ಲಿ, ಬಹುಶಃ ನಿಮ್ಮ ಮನೆಯಲ್ಲೇ ಅಂಥವರಿದ್ದಾರೆ. ಇನ್ನೂ ಕಾಯಿಲೆ ಬಾರದವರಿಗೂ ಈ ಊಟ ಒಳ್ಳೆಯದೇ.

ಭಾರ ಎಲ್ಲಿಂದ ಬರುತ್ತದೆ?

"ಕೋಳಿ ತಿನ್ನಬೇಡಿ ಎಂದರು" ಎಂದು ಹಲವರು ಹೇಳುತ್ತಾರೆ. ವೈದ್ಯರು ಹಾಗೆ ಹೇಳಿರುವುದು ಕಡಿಮೆ. ಕೋಳಿಯ ಮಾಂಸ ತಾನಾಗಿ ಭಾರವಾದದ್ದಲ್ಲ. ನಾವು ಅದಕ್ಕೆ ಸೇರಿಸುವುದೇ ಭಾರ. ಲೆಕ್ಕ ನೋಡಿ.

ಚರ್ಮಸಹಿತ ಬೇಯಿಸಿದ ಎದೆಯ ಭಾಗದ 100 ಗ್ರಾಂ ಕೋಳಿಯಲ್ಲಿ ಸುಮಾರು 8 ಗ್ರಾಂ ಕೊಬ್ಬು ಇರುತ್ತದೆ. ಅದೇ ಭಾಗವನ್ನು ಚರ್ಮ ತೆಗೆದು ಬೇಯಿಸಿದರೆ ಕೊಬ್ಬು ಸುಮಾರು 3.6 ಗ್ರಾಂಗೆ ಇಳಿಯುತ್ತದೆ. ಅಂದರೆ ಅರ್ಧಕ್ಕಿಂತ ಹೆಚ್ಚು ಕೊಬ್ಬು ಚರ್ಮದ ಜೊತೆಗೇ ಹೋಗುತ್ತದೆ. ತೊಡೆಯ ಭಾಗದಲ್ಲಿ ಕೊಬ್ಬು ಇದಕ್ಕಿಂತ ಹೆಚ್ಚು. ಆದರೂ ಚರ್ಮ ತೆಗೆದರೆ ಅದೂ ಕಡಿಮೆಯಾಗುತ್ತದೆ.

ಇನ್ನು ಎಣ್ಣೆ. ಶೇಂಗಾ ಎಣ್ಣೆಯಾಗಲಿ, ಸೂರ್ಯಕಾಂತಿ ಎಣ್ಣೆಯಾಗಲಿ, ಕುಸುಬಿ ಎಣ್ಣೆಯಾಗಲಿ, ಒಂದು ಗ್ರಾಂ ಎಣ್ಣೆಗೆ 9 ಕ್ಯಾಲೊರಿ. 15 ಮಿ.ಲೀ. ಹಿಡಿಯುವ ದೊಡ್ಡ ಚಮಚದ ಒಂದು ಚಮಚ ಎಣ್ಣೆಯಲ್ಲಿ ಸುಮಾರು 120 ಕ್ಯಾಲೊರಿ ಇರುತ್ತದೆ. ಒಂದು ಕಿಲೋ ಕೋಳಿಗೆ ಅರ್ಧ ಬಟ್ಟಲು, ಅಂದರೆ 8 ದೊಡ್ಡ ಚಮಚ ಎಣ್ಣೆ ಸುರಿದರೆ 960 ಕ್ಯಾಲೊರಿ ಆಯಿತು. ಐವರು ಉಂಡರೆ ಒಬ್ಬೊಬ್ಬರಿಗೆ 190ಕ್ಕೂ ಹೆಚ್ಚು ಕ್ಯಾಲೊರಿ ಎಣ್ಣೆಯಿಂದಲೇ ಹೋಗುತ್ತದೆ. ನಾವು ಇಂದು ಕಲಿಯುವ ಅಡುಗೆಗೆ ಒಂದೇ ದೊಡ್ಡ ಚಮಚ ಎಣ್ಣೆ ಸಾಕು. ತಲೆಗೆ 24 ಕ್ಯಾಲೊರಿ ಮಾತ್ರ. ಇದರ ಮೇಲೆ ಒಣ ಕೊಬ್ಬರಿ, ಶೇಂಗಾ, ಗೋಡಂಬಿ ಅರೆದು ಹಾಕುವ ರೂಢಿಯಿದ್ದರೆ ಅದರ ಲೆಕ್ಕ ಬೇರೆ.

ಮೂರನೆಯದು ಉಪ್ಪು. ದೊಡ್ಡವರೊಬ್ಬರು ದಿನಕ್ಕೆ 5 ಗ್ರಾಂಗಿಂತ ಕಡಿಮೆ ಉಪ್ಪು ತಿನ್ನಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಅದು ಚಹಾ ಚಮಚದಲ್ಲಿ ಒಂದು ಮಟ್ಟಸ ಚಮಚಕ್ಕಿಂತ ತುಸು ಕಡಿಮೆ. ರೊಟ್ಟಿಯ ಜೊತೆ ಉಪ್ಪಿನಕಾಯಿ, ಸಂಡಿಗೆ, ಖಾರದ ಚಟ್ನಿ ಎಲ್ಲವೂ ಸೇರಿದರೆ ಆ ಗೆರೆ ದಾಟಲು ಎಷ್ಟು ಹೊತ್ತು ಬೇಕು?

ನಿಂಬೆ ಜಾತಿಯ ಹಣ್ಣುಗಳು ಮಾಡುವ ಕೆಲಸ

ಎಣ್ಣೆ ತೆಗೆದರೆ ಪರಿಮಳ ಕಡಿಮೆಯಾಗುತ್ತದೆ. ಉಪ್ಪು ತೆಗೆದರೆ ಸಪ್ಪೆಯಾಗುತ್ತದೆ. ಹಗುರ ಊಟ ಸೋಲುವುದು ಇಲ್ಲಿಯೇ. ತೆಗೆದ ಜಾಗಕ್ಕೆ ಏನನ್ನಾದರೂ ತುಂಬಬೇಕು. ಆ ಕೆಲಸವನ್ನು ನಿಂಬೆ, ಮೋಸಂಬಿ, ಕಿತ್ತಳೆಗಳು ಮೂರು ಬಗೆಯಲ್ಲಿ ಮಾಡುತ್ತವೆ.

ಮೊದಲನೆಯದು ಹುಳಿ. ಹುಳಿ ನಾಲಿಗೆಯನ್ನು ಎಚ್ಚರಿಸುತ್ತದೆ, ಕಡಿಮೆ ಉಪ್ಪನ್ನೂ ಸಾಕೆನಿಸುವಂತೆ ಮಾಡುತ್ತದೆ. ಊಟಕ್ಕೆ ಕೂತಾಗ ಉಪ್ಪಿನ ಡಬ್ಬಿಯ ಬದಲು ನಿಂಬೆಯ ಹೋಳು ಇಟ್ಟು ನೋಡಿ, ನಿಮಗೇ ತಿಳಿಯುತ್ತದೆ.

ಎರಡನೆಯದು ಪರಿಮಳ. ನಿಂಬೆಯ ನಿಜವಾದ ಪರಿಮಳ ಇರುವುದು ರಸದಲ್ಲಿ ಅಲ್ಲ, ಸಿಪ್ಪೆಯ ಹೊರಪದರದಲ್ಲಿ. ಸಿಪ್ಪೆಯನ್ನು ದೀಪದ ಬಳಿ ಹಿಡಿದು ಮಡಚಿದರೆ ಸಣ್ಣ ಹನಿಗಳು ಸಿಡಿಯುತ್ತವಲ್ಲ, ಅದೇ ಆ ಪರಿಮಳದ ಎಣ್ಣೆ. ಸಿಪ್ಪೆಯನ್ನು ತೆಳ್ಳಗೆ ತುರಿದರೆ ಅರ್ಧ ಚಮಚ ತುರಿ ಇಡೀ ಪಾತ್ರೆಗೆ ಸಾಕು. ಆದರೆ ಒಳಗಿನ ಬಿಳಿಯ ಪದರ ಕಹಿ. ಅದು ಸೇರದಂತೆ ನೋಡಿಕೊಳ್ಳಬೇಕು.

ಮೂರನೆಯದು ಮೃದುತನ. ಹುಳಿ ಮಾಂಸದ ಮೇಲ್ಪದರವನ್ನು ಸಡಿಲಗೊಳಿಸುತ್ತದೆ. ಆದರೆ ಇಲ್ಲೊಂದು ಎಚ್ಚರಿಕೆ ಬೇಕು. ನಿಂಬೆಯ ಹುಳಿ ತೀಕ್ಷ್ಣವಾದದ್ದು. ರಾತ್ರಿಯಿಡೀ ನಿಂಬೆರಸದಲ್ಲಿ ನೆನೆಸಿದರೆ ಮಾಂಸದ ಹೊರಭಾಗ ಹಿಟ್ಟಿನಂತಾಗಿ, ಬೆಂದ ಮೇಲೆ ಒಣಗುತ್ತದೆ. ಆದ್ದರಿಂದ ನೆನೆಸಲು ಮೆತ್ತಗಿನ ಹುಳಿಯ ಮೋಸಂಬಿ ಮತ್ತು ಮೊಸರು, ಕೊನೆಯಲ್ಲಿ ಹಿಂಡಲು ನಿಂಬೆ ಎಂಬ ಕ್ರಮ ಇಟ್ಟುಕೊಳ್ಳಿ. ಕೊನೆಯಲ್ಲಿ ಹಿಂಡುವುದಕ್ಕೆ ಇನ್ನೊಂದು ಕಾರಣವೂ ಇದೆ. ಬಿಸಿಗೆ ನಿಂಬೆಯ ಪರಿಮಳವೂ ಸಿ ಜೀವಸತ್ವವೂ ಕುಂದುತ್ತವೆ.

ಈ ಹಣ್ಣುಗಳು ನಮಗೆ ದೂರದವಲ್ಲ. ರಾಯಚೂರಿನ ಮಾರುಕಟ್ಟೆಯಲ್ಲಿ ನಿಂಬೆ, ಮೋಸಂಬಿ ವರ್ಷದ ಬಹುಪಾಲು ಸಿಗುತ್ತವೆ. ನೆರೆಯ ವಿಜಯಪುರ ಜಿಲ್ಲೆಯ ಇಂಡಿಯ ನಿಂಬೆ ಹೆಸರುವಾಸಿ. ಅತ್ತ ಅನಂತಪುರ, ನಲ್ಗೊಂಡ ಸೀಮೆಗಳಲ್ಲಿ ಮೋಸಂಬಿಯ ಜಾತಿಗೇ ಸೇರಿದ ಸಾತ್‌ಗುಡಿ ಹಣ್ಣು ಬೆಳೆಯುತ್ತಾರೆ. ಚಳಿಗಾಲಕ್ಕೆ ನಾಗಪುರದ ಸಂತ್ರಿ ಬರುತ್ತದೆ. ಯಾವುದು ಅಗ್ಗವೋ ಅದನ್ನು ಬಳಸಿ.

ಬೇಕಾಗುವ ಪದಾರ್ಥಗಳು (ಐವರಿಗೆ)

ಚರ್ಮ ತೆಗೆದ ಕೋಳಿ: 1 ಕಿಲೋ, 8 ರಿಂದ 10 ದೊಡ್ಡ ತುಂಡು
ಮೋಸಂಬಿ ಅಥವಾ ಕಿತ್ತಳೆ ರಸ: ಅರ್ಧ ಬಟ್ಟಲು (ಒಂದೆರಡು ಹಣ್ಣು)
ನಿಂಬೆಹಣ್ಣು: 2
ಗಟ್ಟಿ ಮೊಸರು: ಅರ್ಧ ಬಟ್ಟಲು
ಶುಂಠಿ, ಬೆಳ್ಳುಳ್ಳಿ ಅರೆದದ್ದು: 2 ದೊಡ್ಡ ಚಮಚ
ಒಣಮೆಣಸಿನ ಪುಡಿ: ಒಂದೂವರೆ ಚಹಾ ಚಮಚ
ಕುಟ್ಟಿದ ಕರಿಮೆಣಸು: 1 ಚಹಾ ಚಮಚ
ಧನಿಯ ಪುಡಿ: 1 ಚಹಾ ಚಮಚ
ಅರಿಶಿನ: ಅರ್ಧ ಚಹಾ ಚಮಚ
ಉಪ್ಪು: 1 ಮಟ್ಟಸ ಚಹಾ ಚಮಚ
ಎಣ್ಣೆ: 1 ದೊಡ್ಡ ಚಮಚ
ಈರುಳ್ಳಿ: 3, ದಪ್ಪ ಬಿಲ್ಲೆಗಳಾಗಿ ಹೆಚ್ಚಿದ್ದು
ಕೊತ್ತಂಬರಿ, ಪುದೀನ: ತಲಾ ಒಂದು ಹಿಡಿ

ಉಪ್ಪು ಮತ್ತು ಎಣ್ಣೆಯನ್ನು ಮಾತ್ರ ಕಣ್ಣಳತೆಯಲ್ಲಿ ಹಾಕಬೇಡಿ. ಚಮಚದಲ್ಲಿ ಅಳೆದೇ ಹಾಕಿ. ನಮ್ಮ ಕೈ ಯಾವಾಗಲೂ ಹಳೆಯ ಅಳತೆಯನ್ನೇ ನೆನಪಿಡುತ್ತದೆ.

ನೆನೆಸುವ ಕ್ರಮ

1. ಅಂಗಡಿಯಲ್ಲಿಯೇ ಚರ್ಮ ತೆಗೆಸಿಕೊಂಡು ಬನ್ನಿ. ಹಳದಿ ಕೊಬ್ಬಿನ ಗಡ್ಡೆಗಳು ಉಳಿದಿದ್ದರೆ ಕೈಯಿಂದ ಕಿತ್ತುಹಾಕಿ. ಹಸಿ ಕೋಳಿಯನ್ನು ನಲ್ಲಿಯ ಕೆಳಗೆ ಹಿಡಿದು ತೊಳೆದರೆ ಹನಿ ಸಿಡಿದು ರೋಗಾಣುಗಳು ಸುತ್ತಲೂ ಹರಡುತ್ತವೆ. ತೊಳೆಯದಿರುವುದೇ ಒಳ್ಳೆಯದು. ತೊಳೆಯದೆ ಮನಸ್ಸು ಒಪ್ಪದಿದ್ದರೆ ಅಗಲ ಪಾತ್ರೆಯಲ್ಲಿ ನೀರು ಹಾಕಿ ಮೆಲ್ಲಗೆ ಅದ್ದಿ ತೆಗೆಯಿರಿ. ಆ ನೀರನ್ನು ಸಿಡಿಯದಂತೆ ಚೆಲ್ಲಿ, ಪಾತ್ರೆ, ಚಾಕು, ಕೈಗಳನ್ನು ಸಾಬೂನಿನಿಂದ ತೊಳೆಯಿರಿ.

2. ಪ್ರತಿ ತುಂಡಿನ ಮೇಲೂ ಎರಡು ಮೂರು ಕಡೆ ಆಳವಾಗಿ ಚಾಕುವಿನಿಂದ ಗೀರಿ.

3. ಹಣ್ಣುಗಳನ್ನು ಬಿಸಿನೀರಿನಲ್ಲಿ ಉಜ್ಜಿ ತೊಳೆಯಿರಿ. ರಸ ಹಿಂಡುವ ಮೊದಲೇ ಒಂದು ನಿಂಬೆಯ ಸಿಪ್ಪೆಯನ್ನು ಸಣ್ಣ ಹಲ್ಲಿನ ತುರಿಮಣೆಯಲ್ಲಿ ತುರಿದು ಎತ್ತಿಡಿ. ಹಿಂಡಿದ ಮೇಲೆ ಸಿಪ್ಪೆ ತುರಿಯುವುದು ಕಷ್ಟ.

4. ಮೊಸರು, ಮೋಸಂಬಿ ರಸ, ಶುಂಠಿ, ಬೆಳ್ಳುಳ್ಳಿ, ಪುಡಿಗಳು, ಉಪ್ಪು, ಎಣ್ಣೆ ಎಲ್ಲವನ್ನೂ ಕಲಸಿ ತುಂಡುಗಳಿಗೆ, ಗೀರಿದ ಕಡೆಯೆಲ್ಲ, ಚೆನ್ನಾಗಿ ಹಚ್ಚಿ. ಸ್ಟೀಲ್, ಗಾಜು ಅಥವಾ ಪಿಂಗಾಣಿ ಪಾತ್ರೆಯಲ್ಲಿ ಇಡಿ. ಅಲ್ಯೂಮಿನಿಯಂ ಪಾತ್ರೆ ಬೇಡ. ಹುಳಿಗೆ ಅದು ಕರಗಿ ಅಡುಗೆಯ ರುಚಿ ಕೆಡುತ್ತದೆ.

5. ಫ್ರಿಜ್ ಇದ್ದರೆ ಎರಡರಿಂದ ನಾಲ್ಕು ಗಂಟೆ ನೆನೆಸಿ. ಇಲ್ಲವಾದರೆ ಅರ್ಧ ಗಂಟೆ ಸಾಕು. ನಮ್ಮ ರಾಯಚೂರು ಸೀಮೆಯ ಏಪ್ರಿಲ್, ಮೇ ತಿಂಗಳ ಬಿಸಿಲು 40 ಡಿಗ್ರಿ ದಾಟುತ್ತದೆ. ಅಂಥ ದಿನ ಹಸಿ ಮಾಂಸವನ್ನು ಹೊರಗೆ ಒಂದು ಗಂಟೆಗಿಂತ ಹೆಚ್ಚು ಇಡಬಾರದು.

ಮೂರು ಅಡುಗೆಮನೆ, ಒಂದೇ ಅಡುಗೆ

"ಬೇಕ್ ಮಾಡಲು ನಮ್ಮ ಮನೆಯಲ್ಲಿ ಓವನ್ ಎಲ್ಲಿದೆ?" ಎಂದು ನೀವು ಕೇಳಬಹುದು. ಬೇಕ್ ಮಾಡುವುದೆಂದರೆ ನೀರಿನಲ್ಲಿ ಕುದಿಸದೆ, ಎಣ್ಣೆಯಲ್ಲಿ ಕರಿಯದೆ, ಸುತ್ತಲಿಂದಲೂ ಒಣ ಕಾವು ಕೊಟ್ಟು ಬೇಯಿಸುವುದು. ಆ ಕಾವು ವಿದ್ಯುತ್ತಿನಿಂದ ಬಂದರೂ ಸರಿ, ಕೆಂಡದಿಂದ ಬಂದರೂ ಸರಿ. ನಮ್ಮ ಜಿಲ್ಲೆಯ ಮೂರು ಬಗೆಯ ಅಡುಗೆಮನೆಗಳನ್ನು ನೋಡೋಣ.

ರಾಯಚೂರು ನಗರದ ಮನೆ, ವಿದ್ಯುತ್ ಓವನ್: ಓವನ್ ಅನ್ನು 200 ಡಿಗ್ರಿಗೆ ಇಟ್ಟು 10 ರಿಂದ 15 ನಿಮಿಷ ಮೊದಲೇ ಕಾಯಿಸಿ. ತಟ್ಟೆಯಲ್ಲಿ ಈರುಳ್ಳಿ ಬಿಲ್ಲೆಗಳನ್ನು ಹಾಸಿ, ಅದರ ಮೇಲೆ ತುಂಡುಗಳನ್ನು ಒಂದಕ್ಕೊಂದು ತಾಗದಂತೆ ಜೋಡಿಸಿ. ಈರುಳ್ಳಿಯ ಹಾಸಿಗೆ ಇದ್ದರೆ ಮಾಂಸ ತಳ ಹಿಡಿಯುವುದಿಲ್ಲ, ಹೆಚ್ಚು ಎಣ್ಣೆಯೂ ಬೇಕಾಗುವುದಿಲ್ಲ. 35 ರಿಂದ 45 ನಿಮಿಷ ಬೇಯಿಸಿ. ನಡುವೆ ಒಮ್ಮೆ ತಿರುವಿ ಹಾಕಿ, ತಟ್ಟೆಯಲ್ಲಿ ಇಳಿದ ರಸವನ್ನೇ ಚಮಚದಿಂದ ಮೇಲೆ ಸುರಿಯಿರಿ. ಬರೀ ಮೈಕ್ರೋವೇವ್ ಆದರೆ ಈ ಕೆಲಸಕ್ಕೆ ಬಾರದು. ಬಿಸಿಗಾಳಿಯ ಕನ್ವೆಕ್ಷನ್ ಸೌಕರ್ಯ ಇರುವಂಥದ್ದು ಬೇಕು.

ಮಾನ್ವಿಯ ಮನೆ, ಗ್ಯಾಸ್ ಒಲೆ: ದಪ್ಪ ತಳದ ಹಳೆಯ ಪಾತ್ರೆಯೊಂದನ್ನು ಇದಕ್ಕೆಂದೇ ಎತ್ತಿಡಿ. ತಳದಲ್ಲಿ ಒಂದು ಅಂಗುಲ ತೊಳೆದು ಒಣಗಿಸಿದ ಮರಳು ಹರಡಿ, ಅದರ ಮೇಲೆ ಒಂದು ಸ್ಟ್ಯಾಂಡ್ ಇಟ್ಟು, ಮುಚ್ಚಳ ಮುಚ್ಚಿ 15 ನಿಮಿಷ ಕಾಯಿಸಿ. ನಂತರ ಈರುಳ್ಳಿ ಮತ್ತು ಕೋಳಿ ಜೋಡಿಸಿದ ಸ್ಟೀಲ್ ತಟ್ಟೆಯನ್ನು ಸ್ಟ್ಯಾಂಡಿನ ಮೇಲಿಟ್ಟು ಬಿಗಿಯಾಗಿ ಮುಚ್ಚಿ. ಮಧ್ಯಮ ಉರಿಯಲ್ಲಿ ಒಂದು ಗಂಟೆಯಿಂದ ಒಂದು ಗಂಟೆ ಹತ್ತು ನಿಮಿಷ ಬೇಕಾಗುತ್ತದೆ. ಮೇಲಿಂದ ಮೇಲೆ ಮುಚ್ಚಳ ತೆಗೆದು ನೋಡಿದರೆ ಕಾವು ಹೊರಟುಹೋಗುತ್ತದೆ. ಪ್ರೆಷರ್ ಕುಕ್ಕರನ್ನು ಇದಕ್ಕೆ ಬಳಸಬೇಡಿ. ನೀರಿಲ್ಲದೆ ಕಾಯಿಸಿದರೆ ಅದು ಹಾಳಾಗುತ್ತದೆ, ಅಪಾಯವೂ ಉಂಟು. ಇಷ್ಟು ತಾಳ್ಮೆ ಇಲ್ಲದಿದ್ದರೆ ದಪ್ಪ ಕಬ್ಬಿಣದ ಬಾಣಲೆಯಲ್ಲಿ ಈರುಳ್ಳಿ ಹಾಸಿ, ಮೇಲೆ ಕೋಳಿಯಿಟ್ಟು, ಸಣ್ಣ ಉರಿಯಲ್ಲಿ ಮುಚ್ಚಿ 35 ರಿಂದ 40 ನಿಮಿಷ ಬೇಯಿಸಿ. ಕೊನೆಗೆ ಮುಚ್ಚಳ ತೆಗೆದು ರಸ ಇಂಗುವವರೆಗೆ ಉರಿ ಹೆಚ್ಚಿಸಿ. ಕಬ್ಬಿಣಕ್ಕೆ ಹುಳಿ ತಾಗಿದರೆ ಬಣ್ಣ ಸ್ವಲ್ಪ ಕಪ್ಪಾಗುತ್ತದೆ, ಹೆದರಬೇಡಿ. ಆದರೆ ಬೆಂದ ಕೂಡಲೇ ಬೇರೆ ಪಾತ್ರೆಗೆ ತೆಗೆಯಿರಿ.

ದೇವದುರ್ಗದ ಕಡೆಯ ಹಳ್ಳಿಯ ಮನೆ, ಕಟ್ಟಿಗೆ ಒಲೆ: ಹತ್ತಿ ಕಟ್ಟಿಗೆ ಬೇಗ ಉರಿದು ಬೇಗ ಆರುತ್ತದೆ. ಕೆಂಡ ನಿಲ್ಲಬೇಕಾದರೆ ಜಾಲಿಯಂಥ ಗಟ್ಟಿ ಕಟ್ಟಿಗೆ ಬೇಕು. ದಪ್ಪ ಪಾತ್ರೆಯ ತಳದಲ್ಲಿ ಬಾಳೆಎಲೆ, ಅದರ ಮೇಲೆ ಈರುಳ್ಳಿ, ಅದರ ಮೇಲೆ ಕೋಳಿ ಜೋಡಿಸಿ. ಉರಿ ಆರಿಸಿ ಕೆಂಡದ ಮೇಲೆ ಪಾತ್ರೆಯನ್ನಿಡಿ. ಚಪ್ಪಟೆ ಮುಚ್ಚಳದ ಮೇಲೂ ಒಂದಿಷ್ಟು ಕೆಂಡ ಹರಡಿ. ಕೆಳಗೂ ಕಾವು, ಮೇಲೂ ಕಾವು: ಓವನ್ ಆಯಿತಲ್ಲ! ಸುಮಾರು ಒಂದು ಗಂಟೆ ಬೇಕು. ನಡುವೆ ಕೆಂಡ ಆರಿದರೆ ಹೊಸದು ಹಾಕಿ. ಬಾಗಿಲು, ಕಿಟಕಿ ತೆರೆದಿರಲಿ. ಮುಚ್ಚಿದ ಕೋಣೆಯಲ್ಲಿ ಕೆಂಡ ಇಡುವುದು ಪ್ರಾಣಕ್ಕೇ ಅಪಾಯ.

ಬೆಂದಿದೆಯೇ ಎಂದು ತಿಳಿಯುವುದು ಹೇಗೆ? ಅತಿ ದಪ್ಪದ ತುಂಡನ್ನು ಮೂಳೆಯ ಬಳಿ ಚಾಕುವಿನಿಂದ ಚುಚ್ಚಿ ಬಿಡಿಸಿ ನೋಡಿ. ಇಳಿಯುವ ರಸ ತಿಳಿಯಾಗಿರಬೇಕು, ಮಾಂಸ ಗುಲಾಬಿ ಬಣ್ಣ ಬಿಟ್ಟಿರಬೇಕು. ಅಡುಗೆಯ ಥರ್ಮಾಮೀಟರ್ ಇದ್ದರೆ ಮಾಂಸದ ನಡುವೆ 74 ಡಿಗ್ರಿ ತೋರಿಸಬೇಕು. ಒಲೆಯಿಂದ ಇಳಿಸಿ ಐದು ನಿಮಿಷ ಮುಚ್ಚಿಡಿ. ಆಮೇಲೆ ನಿಂಬೆರಸ ಹಿಂಡಿ, ಎತ್ತಿಟ್ಟ ಸಿಪ್ಪೆಯ ತುರಿ, ಕೊತ್ತಂಬರಿ, ಪುದೀನ ಉದುರಿಸಿ. ಹಸಿ ಕೋಳಿ ನೆನೆದ ಮಸಾಲೆ ಉಳಿದಿದ್ದರೆ ಅದನ್ನು ಮೇಲೆ ಸುರಿಯಬೇಡಿ.

ತಟ್ಟೆಯನ್ನು ತುಂಬುವ ಬಗೆ

ಕೋಳಿ ಹಗುರವಾದರೆ ಸಾಲದು. ಇಡೀ ತಟ್ಟೆ ಹಗುರವಾಗಬೇಕು. ತಟ್ಟೆಯ ಅರ್ಧ ಭಾಗಕ್ಕೆ ತರಕಾರಿ ಬಡಿಸಿ. ಪುಂಡಿಪಲ್ಯ, ಮೆಂತ್ಯೆ, ಸೌತೆಕಾಯಿ, ಗಜ್ಜರಿ, ಹಸಿ ಈರುಳ್ಳಿ ಯಾವುದಾದರೂ ಸರಿ. ಕಾಲು ಭಾಗಕ್ಕೆ ಕೋಳಿ, ಅಂದರೆ ಎರಡು ತುಂಡು. ಉಳಿದ ಕಾಲು ಭಾಗಕ್ಕೆ ಜೋಳದ ರೊಟ್ಟಿ ಅಥವಾ ಅನ್ನ. ಜೋಳದ ರೊಟ್ಟಿ ಎಷ್ಟು ತಿಂದರೂ ಸಕ್ಕರೆ ಏರುವುದಿಲ್ಲ ಎಂಬ ಮಾತು ನಿಜವಲ್ಲ. ಅದನ್ನೂ ಎಣಿಸಿಯೇ ತಿನ್ನಬೇಕು. ಸೊಪ್ಪು, ಕಾಳುಗಳ ಮೇಲೆ ನಿಂಬೆ ಹಿಂಡಿದರೆ ಅವುಗಳಲ್ಲಿರುವ ಕಬ್ಬಿಣದ ಅಂಶವನ್ನು ದೇಹ ಚೆನ್ನಾಗಿ ಹೀರಿಕೊಳ್ಳುತ್ತದೆ. ರಕ್ತಹೀನತೆ ಇರುವ ತಾಯಂದಿರಿಗೆ, ಹೆಣ್ಣುಮಕ್ಕಳಿಗೆ ಇದು ಮುಖ್ಯ.

ಮೂರು ಎಚ್ಚರಿಕೆಗಳನ್ನು ನೆನಪಿಡಿ. ಸಕ್ಕರೆ ಕಾಯಿಲೆಗೆ ಮಾತ್ರೆ ಅಥವಾ ಇನ್ಸುಲಿನ್ ತೆಗೆದುಕೊಳ್ಳುವವರನ್ನು ಕೋಳಿ ಬೇಯುವವರೆಗೆ ಹಸಿದು ಕೂರಿಸಬೇಡಿ. ಊಟದ ಹೊತ್ತು ತಪ್ಪಿದರೆ ಸಕ್ಕರೆ ಅಪಾಯಕರವಾಗಿ ಇಳಿಯಬಹುದು. ಮೂತ್ರಪಿಂಡದ ತೊಂದರೆ ಇರುವವರು ಮಾಂಸದ ಪ್ರಮಾಣವನ್ನು ವೈದ್ಯರನ್ನು ಕೇಳಿಯೇ ನಿರ್ಧರಿಸಬೇಕು. ಮೋಸಂಬಿ ಸಿಗಲಿಲ್ಲವೆಂದು ಚಕ್ಕೋತದ ರಸ ಹಾಕುವುದಾದರೆ, ಕೊಲೆಸ್ಟರಾಲ್ ಅಥವಾ ರಕ್ತದೊತ್ತಡದ ಮಾತ್ರೆ ನುಂಗುವವರು ಮೊದಲು ವೈದ್ಯರನ್ನು ಕೇಳಿ. ಕೆಲವು ಮಾತ್ರೆಗಳ ಜೊತೆ ಅದು ಹೊಂದುವುದಿಲ್ಲ.

ಮನೆಯಲ್ಲಿ ಏಳುವ ಮಾತುಗಳು

ಹೊಸ ಅಡುಗೆಗೆ ಮೊದಲ ಎದುರು ಮಾತು ಹಿರಿಯರಿಂದಲೇ ಬರಬಹುದು. "ಯವ್ವಾ, ಎಣ್ಣಿ ಇಲ್ಲದ್ದು ಏನ್ ಅಡಗಿ ಇದು? ಇದು ನಮ್ಮದಲ್ಲ" ಎಂದು ಅತ್ತೆ ಹೇಳಬಹುದು. ಅವರನ್ನು ಎದುರಿಸಬೇಡಿ. ಸಮಾಧಾನದಿಂದ ಒಂದು ಮಾತು ಹೇಳಿ. ನಾವು ನಮ್ಮದೆನ್ನುವ ಕೆಂಪು ಮೆಣಸಿನಕಾಯಿ ಈ ನೆಲದ್ದಲ್ಲ. ಅದು ಅಮೆರಿಕ ಖಂಡದಲ್ಲಿ ಹುಟ್ಟಿ, 16ನೆಯ ಶತಮಾನದಲ್ಲಿ ಪೋರ್ಚುಗೀಸರ ಹಡಗುಗಳಲ್ಲಿ ಬಂದದ್ದು. ನಿಂಬೆ, ಕಿತ್ತಳೆಗಳ ಮೂಲವಾದರೋ ನಮಗೆ ಅದಕ್ಕಿಂತ ಹತ್ತಿರ. ಆ ಜಾತಿಯ ಹಣ್ಣುಗಳು ಮೊದಲು ಹುಟ್ಟಿದ್ದು ಪೂರ್ವ ಹಿಮಾಲಯದ ತಪ್ಪಲಿನಲ್ಲಿ, ಅಸ್ಸಾಂ, ಬರ್ಮಾ, ಯುನ್ನಾನ್ ಸೀಮೆಗಳಲ್ಲಿ ಎಂದು ಸಂಶೋಧಕರು ಹೇಳುತ್ತಾರೆ. ಅಡುಗೆ ಕಾಲಕ್ಕೆ ತಕ್ಕಂತೆ ಬದಲಾಗುತ್ತಲೇ ಬಂದಿದೆ. ಅತ್ತೆಯವರಿಗೂ ಒಂದು ಕೆಲಸ ಕೊಡಿ. ಮಸಾಲೆಯ ಹದ ನೋಡಲು ಕರೆಯಿರಿ. ತಮ್ಮ ಕೈ ಸೇರಿದ ಅಡುಗೆಯನ್ನು ಯಾರೂ ಬೇಡವೆನ್ನುವುದಿಲ್ಲ.

"ಜವಾರಿ ಕೋಳಿಯಲ್ಲಿ ಮಾಡಬಹುದೇ?" ಎಂದು ಹಳ್ಳಿಯ ಓದುಗರು ಕೇಳಬಹುದು. ಖಂಡಿತ ಮಾಡಬಹುದು. ಆದರೆ ಅದರ ಮಾಂಸ ಗಟ್ಟಿ. ಬರೀ ಒಣ ಕಾವಿಗೆ ಮೆತ್ತಗಾಗುವುದಿಲ್ಲ. ಮೊದಲು ಶುಂಠಿ, ಅರಿಶಿನ ಹಾಕಿದ ನೀರಿನಲ್ಲಿ ಮುಕ್ಕಾಲು ಭಾಗ ಬೇಯಿಸಿ, ಆರಿದ ಮೇಲೆ ಮಸಾಲೆ ಹಚ್ಚಿ, 20 ರಿಂದ 25 ನಿಮಿಷ ಬೇಕ್ ಮಾಡಿ. ಬೇಯಿಸಿದ ನೀರನ್ನು ಚೆಲ್ಲಬೇಡಿ. ಆರಿಸಿ ಮೇಲೆ ಕಟ್ಟಿದ ಕೊಬ್ಬನ್ನು ತೆಗೆದುಹಾಕಿದರೆ ಅದೇ ತಿಳಿಸಾರಿಗೆ ಆಗುತ್ತದೆ.

ನಿಂಬೆ ದುಬಾರಿ ಎಂಬುದು ಇನ್ನೊಂದು ಮಾತು. ನಿಜ, ಬೇಸಿಗೆಯಲ್ಲಿ ಬೆಲೆ ಏರುತ್ತದೆ. 2022ರ ಏಪ್ರಿಲ್‌ನಲ್ಲಿ ದೇಶದ ಹಲವೆಡೆ ಕಿಲೋಗೆ 200 ರೂಪಾಯಿ ದಾಟಿತ್ತು. ಆದರೆ ಈ ಅಡುಗೆಗೆ ಬೇಕಾದದ್ದು ಎರಡೇ ಹಣ್ಣು. ಉಳಿದ ಎಣ್ಣೆಯ ಬೆಲೆಯನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಿ. ಮಳೆಗಾಲದಲ್ಲಿ ಹಣ್ಣು ಅಗ್ಗವಾದಾಗ ಸಿಪ್ಪೆಯನ್ನು ತುರಿದು ನೆರಳಿನಲ್ಲಿ ಒಣಗಿಸಿ ಡಬ್ಬಿಯಲ್ಲಿಟ್ಟರೆ ಪರಿಮಳಕ್ಕೆ ಒದಗುತ್ತದೆ.

ಕೊನೆಯ ಮಾತು

ಈಗ ಮತ್ತೆ ಆ ಮಾನ್ವಿಯ ಮನೆಗೆ ಬನ್ನಿ. ಇನ್ನೊಂದು ಭಾನುವಾರ. ಒಲೆಯ ಮೇಲೆ ಒಂದೇ ಪಾತ್ರೆ. ಮುಚ್ಚಳ ತೆಗೆದಾಗ ನಿಂಬೆಯ ಪರಿಮಳ ಪಡಸಾಲೆಯವರೆಗೂ ಬರುತ್ತದೆ. ಅಪ್ಪನ ತಟ್ಟೆಯಲ್ಲಿ ಇರುವುದೇ ಮಗನ ತಟ್ಟೆಯಲ್ಲಿಯೂ ಇದೆ. ನಗಲು ಮಗನಿಗೆ ಕಾರಣವಿಲ್ಲ. ರಾತ್ರಿ ಕದ್ದು ತಿನ್ನಲು ಅಪ್ಪನಿಗೆ ಇನ್ನೊಂದು ಪಾತ್ರೆಯಿಲ್ಲ. "ಅಪ್ಪಾ, ಇನ್ನೊಂದು ಲಿಂಬಿ ಹಿಂಡ್ಲೇನು?" ಎಂದು ಅದೇ ಮಗ ಕೇಳುತ್ತಾನೆ.

ಒಂದೇ ಭಾನುವಾರದ ಊಟದಿಂದ ಸಕ್ಕರೆ ಇಳಿಯುವುದಿಲ್ಲ. ಮಾತ್ರೆ, ನಡಿಗೆ, ಪರೀಕ್ಷೆ ಯಾವುದನ್ನೂ ಬಿಡುವಂತಿಲ್ಲ. ಆದರೆ ಪಥ್ಯವನ್ನು ಒಬ್ಬರ ತಲೆಯ ಮೇಲೆ ಹೊರಿಸದೆ ಎಲ್ಲರೂ ಹಂಚಿಕೊಂಡರೆ ಅದು ತಿಂಗಳು, ವರ್ಷ ನಡೆಯುತ್ತದೆ. ಅದರ ಫಲ ಪರೀಕ್ಷೆಯ ಚೀಟಿಯಲ್ಲಿ ನಿಧಾನವಾಗಿ ಕಾಣಿಸುತ್ತದೆ.

ಇನ್ನೊಂದು ವಿಷಯ. ಹತ್ತು ತುಂಡು ಮಾಡಿದ್ದೀರಿ, ಐವರು ಇದ್ದೀರಿ. ಅಡುಗೆ ಮಾಡಿದ ತಾಯಿಗೂ ಎರಡು ತುಂಡು ಬರಲೇಬೇಕು. ಎಲ್ಲರೂ ಉಂಡ ಮೇಲೆ ಕತ್ತು, ಮೂಳೆ, ತಳದ ಈರುಳ್ಳಿ ಆಕೆಯ ಪಾಲಿಗೆ ಎಂಬ ರೂಢಿ ನಮ್ಮ ಹಲವು ಮನೆಗಳಲ್ಲಿ ಇನ್ನೂ ಇದೆ. ಗಂಡನ ಸಕ್ಕರೆಯನ್ನು ನೋಡಿಕೊಳ್ಳುವ ಆಕೆಯ ರಕ್ತ ಪರೀಕ್ಷೆ ಮಾಡಿಸಿ ಎಷ್ಟು ವರ್ಷವಾಯಿತು? ಒಂದೇ ಪಾತ್ರೆಯ ಊಟಕ್ಕೆ ಎಲ್ಲರೂ ಒಟ್ಟಿಗೆ ಕೂರಲಿ, ಆಕೆಯೂ ಕೂರಲಿ.

ಕುಟುಂಬದಲ್ಲಿ ಕೂತು ಮಾತಾಡಲು

1. ನಮ್ಮ ಮನೆಯಲ್ಲಿ ತಿಂಗಳಿಗೆ ಎಷ್ಟು ಎಣ್ಣೆ, ಎಷ್ಟು ಉಪ್ಪು ಖರ್ಚಾಗುತ್ತದೆ? ಮನೆಯ ಜನರ ಸಂಖ್ಯೆಯಿಂದ, ದಿನಗಳಿಂದ ಭಾಗಿಸಿ ನೋಡಿ.
2. ನಮ್ಮಲ್ಲಿ ಯಾರಾದರೂ ಪಥ್ಯದ ಊಟವನ್ನು ಒಬ್ಬರೇ ಉಣ್ಣುತ್ತಿದ್ದಾರೆಯೇ? ಅವರ ಜೊತೆ ಎಲ್ಲರೂ ಉಣ್ಣಬಹುದಾದ ಒಂದು ಅಡುಗೆ ಯಾವುದು?
3. ಕೊನೆಯಲ್ಲಿ ಉಣ್ಣುವವರು ಯಾರು? ಅವರ ತಟ್ಟೆಯಲ್ಲಿ ಏನು ಉಳಿದಿರುತ್ತದೆ?